ಸೈಟ್ ಮ್ಯಾನೇಜರ್‌ನಲ್ಲಿ ಉಳಿದ ಪಾಸ್‌ವರ್ಡ್

ಬಳ್ಳಾರಿಯ ಜೀನ್ಸ್ ಘಟಕವೊಂದರ ಮಾಲೀಕರು ಹೋದ ಮಳೆಗಾಲದಲ್ಲಿ ಬೆಳಿಗ್ಗೆ ಏಳಕ್ಕೇ ಫೋನ್ ಮಾಡಿದ್ದರು. "ಸರ್, ನಮ್ಮ ವೆಬ್‌ಸೈಟ್ ತೆಗೆದ್ರೆ ಯಾವುದೋ ಜೂಜಿನ ಪುಟ ಬರ್ತೈತೆ. ಮುಂಬೈ ಪಾರ್ಟಿಯವ್ರು ನೋಡಿ ಫೋನ್ ಮಾಡಿದ್ರು, ನಂಗೆ ತಲೆ ಎತ್ತಾಕಾಗ್ತಿಲ್ಲ."

ಹೋಸ್ಟಿಂಗ್ ಕಂಪನಿಯ ಸರ್ವರ್‌ಗೇ ಯಾರೋ ಕನ್ನ ಹಾಕಿದ್ದಾರೆಂದು ಅವರು ನಂಬಿದ್ದರು. ಯಾರು ಯಾವಾಗ ಒಳಬಂದರೆಂದು ಸರ್ವರ್ ಬರೆದಿಡುವ ಲಾಗ್ ತೆಗೆದು ನೋಡಿದೆ. ಕನ್ನ ಹಾಕುವ ಅಗತ್ಯವೇ ಬಂದಿರಲಿಲ್ಲ. ನಡುರಾತ್ರಿ ಹೊರದೇಶದ ಐಪಿ ವಿಳಾಸದಿಂದ ಸರಿಯಾದ ಯೂಸರ್‌ನೇಮ್, ಸರಿಯಾದ ಪಾಸ್‌ವರ್ಡ್ ಕೊಟ್ಟು ಕಳ್ಳರು ಮೊದಲ ಯತ್ನದಲ್ಲೇ ಒಳಗೆ ಬಂದಿದ್ದರು. ಹೊಸ ಮಾಲಿನ ಫೋಟೋಗಳನ್ನು, ಸರ್ವರ್‌ಗೆ ಫೈಲ್ ಕಳಿಸುವ ಫೈಲ್‌ಜಿಲ್ಲಾ ತಂತ್ರಾಂಶದಿಂದ ಅಪ್‌ಲೋಡ್ ಮಾಡುತ್ತಿದ್ದದ್ದು ಡಿಸೈನ್ ಮಾಡುವ ಹುಡುಗನ ಕಂಪ್ಯೂಟರ್. ಕ್ರ್ಯಾಕ್ ಮಾಡಿದ ಡಿಸೈನ್ ಸಾಫ್ಟ್‌ವೇರ್ ಇದ್ದದ್ದೂ ಅದರಲ್ಲೇ. ಹುಡುಕಿದಾಗ ಪಾಸ್‌ವರ್ಡ್ ಕದಿಯುವ ಮಾಲ್‌ವೇರ್ ಸಿಕ್ಕಿತು.

ಫೈಲ್‌ಜಿಲ್ಲಾದಲ್ಲಿ ಸರ್ವರ್‌ಗಳ ಲಾಗಿನ್ ವಿವರ ಉಳಿಸಿಡುವ ಸೈಟ್ ಮ್ಯಾನೇಜರ್‌ನಲ್ಲಿ ಪಾಸ್‌ವರ್ಡ್ ಉಳಿಸಿದರೆ ಅದು ಬಳಕೆದಾರರ ಫೋಲ್ಡರ್‌ನಲ್ಲಿರುವ ಒಂದು ಎಕ್ಸ್‌ಎಂಎಲ್ ಫೈಲಿಗೆ ಹೋಗುತ್ತದೆ. ವರ್ಷಗಟ್ಟಲೆ ಅದು ಅಲ್ಲಿ ನೋಟ್‌ಪ್ಯಾಡ್‌ನಲ್ಲಿ ತೆರೆದರೆ ಓದಬಹುದಾದ ಸಾದಾ ಅಕ್ಷರದಲ್ಲೇ ಇರುತ್ತಿತ್ತು. ಈಗ ಬೇಸ್64 ಎಂಬ, ಅಕ್ಷರಗಳನ್ನು ಬೇರೆ ಅಕ್ಷರಗಳಾಗಿ ಬರೆಯುವ ರೂಪದಲ್ಲಿರುತ್ತದೆ. ನೋಡಲು ಗೋಜಲು, ಆದರೆ ಅದು ಗೂಢಲಿಪಿಯಲ್ಲ. ಯಾವ ಕೀಲಿಯೂ ಇಲ್ಲದೆ ಕ್ಷಣದಲ್ಲಿ ಹಿಂದಿರುಗಿಸಬಹುದು. ಪಾಸ್‌ವರ್ಡ್ ಕದಿಯುವ ಮಾಲ್‌ವೇರ್‌ಗಳಿಗೆ ಆ ಫೈಲ್ ಎಲ್ಲಿದೆಯೆಂದು ಮೊದಲೇ ಗೊತ್ತು. ಬಾಗಿಲಿಗೆ ಬೀಗ ಜಡಿದು ಬೀಗದ ಕೈಯನ್ನು ಚೌಕಟ್ಟಿನ ಮೇಲಿಟ್ಟು ಹೋದ ಹಾಗೆ. 2017ರಲ್ಲಿ, ಉಳಿಸಿದ ಪಾಸ್‌ವರ್ಡ್‌ಗಳನ್ನೆಲ್ಲ ಒಂದು ಮುಖ್ಯ ಪಾಸ್‌ವರ್ಡಿನಿಂದ ಗೂಢಲಿಪಿ ಮಾಡಿಡುವ ಮಾಸ್ಟರ್ ಪಾಸ್‌ವರ್ಡ್ ಸೌಲಭ್ಯ ಬಂತು. ನಾನು ನೋಡಿದ ಅಂಗಡಿ, ಪ್ರೆಸ್ಸು, ಮಿಲ್ಲುಗಳಲ್ಲಿ ಅದನ್ನು ಆನ್ ಮಾಡಿದವರು ತೀರಾ ಕಡಿಮೆ.

ದಾರಿಯಲ್ಲಿ ಕದಿಯುವುದು ಇನ್ನೊಂದು ಬಗೆ. ಫೈಲ್‌ಜಿಲ್ಲಾದಂಥ ತಂತ್ರಾಂಶಗಳು ಫೈಲ್ ಸಾಗಿಸಲು ಬಳಸುವ ಹಳೆಯ ವಿಧಾನ ಎಫ್‌ಟಿಪಿ. 1971ರಲ್ಲಿ ಅದರ ಮೊದಲ ರೂಪ ಬರೆದವರು ಕಾನ್ಪುರ ಐಐಟಿಯಲ್ಲಿ ಓದಿದ್ದ ಅಭಯ್ ಭೂಷಣ್. ಜಾಲದಲ್ಲಿದ್ದವರು ಒಬ್ಬರನ್ನೊಬ್ಬರು ಬಲ್ಲ ಕಾಲವದು. ಪಾಸ್‌ವರ್ಡ್ ಮುಚ್ಚಿಡುವ ಯೋಚನೆಯೇ ಆಗ ಇರಲಿಲ್ಲ. ಇವತ್ತಿಗೂ ಸಾದಾ ಎಫ್‌ಟಿಪಿಯಲ್ಲಿ ಹೆಸರು, ಪಾಸ್‌ವರ್ಡ್ ಎರಡೂ ಪೋಸ್ಟ್‌ಕಾರ್ಡಿನಲ್ಲಿ ಬರೆದಂತೆ ತೆರೆದೇ ಸಾಗುತ್ತವೆ. ಲಾಡ್ಜಿನ ವೈಫೈಯಲ್ಲಿ ಕುಳಿತು ಅದನ್ನು ಬಳಸಬೇಡಿ. ಎಲ್ಲವನ್ನೂ ಗೂಢಲಿಪಿಯಲ್ಲಿ ಸಾಗಿಸುವ ಎಸ್‌ಎಫ್‌ಟಿಪಿ ಆರಿಸಿಕೊಳ್ಳಿ.

ಹಾಗೆಂದು ಎಸ್‌ಎಫ್‌ಟಿಪಿಗೆ ಬಂದ ಕೂಡಲೇ ಕೈತೊಳೆದುಕೊಳ್ಳುವಂತಿಲ್ಲ. 2024ರ ಏಪ್ರಿಲ್‌ನಲ್ಲಿ, ದೂರದ ಸರ್ವರ್‌ಗೆ ಸುರಕ್ಷಿತವಾಗಿ ಲಾಗಿನ್ ಆಗಲು ಬಳಸುವ ಪುಟ್ಟಿ ತಂತ್ರಾಂಶದ ದೋಷವೊಂದು ಬಯಲಾಯಿತು. ಎಸ್‌ಎಫ್‌ಟಿಪಿಯಲ್ಲಿ ಪಾಸ್‌ವರ್ಡ್ ಬದಲು ಖಾಸಗಿ ಕೀಲಿಯಿಂದ ಡಿಜಿಟಲ್ ಸಹಿ ಮಾಡಿಯೂ ಒಳಹೋಗಬಹುದು. ಪಿ-521 ಎಂಬ ಬಗೆಯ ಕೀಲಿಯಿಂದ ಸಹಿ ಮಾಡುವಾಗ ಪ್ರತಿಸಲ ಒಂದು ಗುಟ್ಟಿನ ಸಂಖ್ಯೆ ಬೇಕು. ಪುಟ್ಟಿ ಸೃಷ್ಟಿಸುತ್ತಿದ್ದ ಸಂಖ್ಯೆಯ ಮೊದಲ 9 ಬಿಟ್‌ಗಳು ಯಾವಾಗಲೂ ಸೊನ್ನೆ. ಅಷ್ಟು ಸುಳಿವು ಸಾಕಾಗಿತ್ತು: ಸುಮಾರು 60 ಸಹಿ ಸಿಕ್ಕಿದರೆ ಖಾಸಗಿ ಕೀಲಿಯನ್ನೇ ಲೆಕ್ಕ ಹಾಕಿ ತೆಗೆಯಬಹುದು. ಪುಟ್ಟಿಯ ಕೋಡನ್ನೇ ಒಳಗಿಟ್ಟುಕೊಂಡಿದ್ದ ಫೈಲ್‌ಜಿಲ್ಲಾ, ಅದರಂಥದೇ ಇನ್ನೊಂದು ತಂತ್ರಾಂಶವಾದ ವಿನ್‌ಎಸ್‌ಸಿಪಿ ಎರಡಕ್ಕೂ ದೋಷ ತಗುಲಿತ್ತು. ಫೈಲ್‌ಜಿಲ್ಲಾ 3.67, ವಿನ್‌ಎಸ್‌ಸಿಪಿ 6.3.3ರಲ್ಲಿ ಸರಿಯಾಯಿತು. ಅಪ್‌ಡೇಟ್ ಮಾಡಿದರೂ ಹಳೆಯ ಪಿ-521 ಕೀಲಿ ಮತ್ತೆ ನಂಬಿಕೆಗೆ ಅರ್ಹವಾಗುವುದಿಲ್ಲ. ಅದನ್ನು ಸರ್ವರ್‌ನಿಂದ ತೆಗೆದು ಹೊಸದು ಮಾಡಿಕೊಳ್ಳಲೇಬೇಕು.

ಡೌನ್‌ಲೋಡ್ ಮಾಡುವಾಗ ಅಧಿಕೃತ ತಾಣದ ವಿಳಾಸವನ್ನು ಎರಡು ಸಲ ಓದಿ. 2014ರಲ್ಲಿ ಹರಿದಾಡಿದ ನಕಲಿ ಫೈಲ್‌ಜಿಲ್ಲಾ ಅಸಲಿಯಂತೆಯೇ ಕೆಲಸ ಮಾಡುತ್ತ, ಲಾಗಿನ್ ವಿವರಗಳನ್ನು ಕಳ್ಳರಿಗೆ ಕಳಿಸುತ್ತಿತ್ತು.

ಜೀನ್ಸ್ ಘಟಕದವರಿಗೆ ಅವತ್ತೇ ಪಾಸ್‌ವರ್ಡ್ ಬದಲಿಸಲು ಹೇಳಿದ್ದೆ. ಯಾವ ಕಂಪ್ಯೂಟರಿನಿಂದ ಎಂದು ಹೇಳಲು ಮರೆತೆ. ಅದು ನನ್ನ ತಪ್ಪು. ಮಾಲ್‌ವೇರ್ ಇದ್ದ ಯಂತ್ರದಲ್ಲೇ ಬದಲಿಸಿ, ಅಲ್ಲೇ ಉಳಿಸಿಟ್ಟರು. ಮೂರನೇ ದಿನ ಜೂಜಿನ ಪುಟ ಮತ್ತೆ ಬಂತು. ಎರಡನೇ ಸಲ ನಾನೇ ಹೋಗಿ ಕೂತೆ. ಆ ಕಂಪ್ಯೂಟರ್ ಫಾರ್ಮ್ಯಾಟ್ ಮಾಡಿ, ವಿಂಡೋಸ್ ಹೊಸದಾಗಿ ಹಾಕಿ, ಬೇರೆ ಲ್ಯಾಪ್‌ಟಾಪಿನಿಂದ ಪಾಸ್‌ವರ್ಡ್ ಬದಲಿಸಿ, ಸರ್ವರ್‌ನಲ್ಲಿ ಸಾದಾ ಎಫ್‌ಟಿಪಿಯನ್ನೇ ಮುಚ್ಚಿಸಿದೆ. ಹುಡುಗ ಈಗ ಫೋಟೋ ಏರಿಸುವಾಗೆಲ್ಲ ಮಾಸ್ಟರ್ ಪಾಸ್‌ವರ್ಡ್ ಟೈಪ್ ಮಾಡುತ್ತಾನೆ.