‘ದಿ ಥಿಂಗ್’ ಕೊನೆಯಲ್ಲಿ ಚೈಲ್ಡ್ಸ್ ಮನುಷ್ಯನೋ, ಆ ಜೀವಿಯೋ?

ಪ್ರಶ್ನೆ: ಜಾನ್ ಕಾರ್ಪೆಂಟರ್ ನಿರ್ದೇಶನದ ‘ದಿ ಥಿಂಗ್’ (1982) ಚಿತ್ರವನ್ನು ಎರಡು ಸಲ ನೋಡಿದೆ. ಮನುಷ್ಯರ ರೂಪ ತಾಳಬಲ್ಲ ಅನ್ಯಗ್ರಹದ ಜೀವಿಯೊಂದು ಅಂಟಾರ್ಕ್ಟಿಕಾದ ಅಮೆರಿಕನ್ ಸಂಶೋಧನಾ ನೆಲೆಯೊಳಗೆ ಸೇರಿಕೊಳ್ಳುವ ಕಥೆ. ಕೊನೆಗೆ ನೆಲೆಯವರಲ್ಲಿ ಮ್ಯಾಕ್‌ರೆಡಿ ಮತ್ತು ಚೈಲ್ಡ್ಸ್ ಇಬ್ಬರೇ ಉಳಿಯುತ್ತಾರೆ. ಚೈಲ್ಡ್ಸ್ ಬಾಯಿಂದ ಉಸಿರಿನ ಹಬೆ ಬರುವುದಿಲ್ಲ, ಹಾಗಾಗಿ ಅವನೇ ಆ ಜೀವಿ ಅಂತ ಬಹಳ ಕಡೆ ಓದಿದ್ದೇನೆ. ಇದು ನಿಜವೇ?

ಉತ್ತರ: ಹಬೆಯ ವಾದ ನಿಲ್ಲುವುದಿಲ್ಲ. ಹಾಗಂತ ಚೈಲ್ಡ್ಸ್ ಮನುಷ್ಯನೇ ಎಂದು ಸಾಧಿಸಲೂ ಚಿತ್ರದಲ್ಲಿ ಏನೂ ಸಿಗುವುದಿಲ್ಲ. ಯಾರು ಏನು ಎಂದು ಪರೀಕ್ಷಿಸುವ ದಾರಿಗಳನ್ನೆಲ್ಲ ಒಂದೊಂದಾಗಿ ಮುಚ್ಚಿ, ಆಮೇಲೆ ಈ ಇಬ್ಬರನ್ನು ಎದುರುಬದುರು ಕೂರಿಸುತ್ತಾರೆ ಕಾರ್ಪೆಂಟರ್. ಅದಕ್ಕಾಗಿ ಕೊನೆಯ ದೃಶ್ಯವನ್ನು ಮಾತ್ರ ಮತ್ತೆ ಮತ್ತೆ ನೋಡಿದರೆ ಪ್ರಯೋಜನವಿಲ್ಲ, ರಕ್ತ ಪರೀಕ್ಷೆಯ ದೃಶ್ಯದಿಂದ ಶುರುಮಾಡಬೇಕು.

ಅಂಟಾರ್ಕ್ಟಿಕಾದ ಆ ನೆಲೆಯಲ್ಲಿ ಇದ್ದವರು 12 ಜನ. ಜೀವಿಯ ಒಂದೊಂದು ತುಣುಕೂ ತನ್ನಷ್ಟಕ್ಕೆ ಒಂದು ಪ್ರಾಣಿ, ತುಣುಕಿಗೆ ಅಪಾಯ ಬಂದರೆ ಅದು ತನ್ನ ಜೀವ ಉಳಿಸಿಕೊಳ್ಳಲು ನೋಡುತ್ತದೆ ಎಂಬುದು ಮ್ಯಾಕ್‌ರೆಡಿಯ ಲೆಕ್ಕಾಚಾರ. ಪ್ರತಿಯೊಬ್ಬರ ರಕ್ತವನ್ನು ಬೇರೆ ಬೇರೆ ಗಾಜಿನ ತಟ್ಟೆಗೆ ಹಾಕಿಸುತ್ತಾನೆ. ತಾಮ್ರದ ತಂತಿಯನ್ನು ಬೆಂಕಿಯಲ್ಲಿ ಕಾಯಿಸಿ ಒಂದೊಂದು ತಟ್ಟೆಗೂ ತಾಗಿಸುತ್ತಾನೆ. ಮನುಷ್ಯನ ರಕ್ತ ಬರೀ ಚುರ್ ಎನ್ನುತ್ತದೆ. ಪಾಮರ್‌ನ ರಕ್ತ ತಟ್ಟೆಯಿಂದ ಚಿಮ್ಮಿ ಓಡುತ್ತದೆ. ಮ್ಯಾಕ್‌ರೆಡಿಯ ರಕ್ತವೂ ಇದೇ ಪರೀಕ್ಷೆಯಲ್ಲಿ ಪಾಸಾಗಿದೆ; ಪಾಮರ್‌ನನ್ನು ಸುಟ್ಟ ಮೇಲೆ ನಾಲ್ಸ್, ಚೈಲ್ಡ್ಸ್, ಗ್ಯಾರಿ ಸಹ ಪಾಸಾಗುತ್ತಾರೆ. ಅಂದರೆ ಆ ಹೊತ್ತಿಗೆ ಚೈಲ್ಡ್ಸ್ ಖಂಡಿತ ಮನುಷ್ಯ. ಚಿತ್ರ ಕೊಡುವ ಕೊನೆಯ ಗಟ್ಟಿ ಪುರಾವೆ ಇದೇ. ಹೊರಗಿನ ಶೆಡ್‌ನಲ್ಲಿ ಕೂಡಿಹಾಕಿರುವ ಜೀವಶಾಸ್ತ್ರಜ್ಞ ಬ್ಲೇರ್ ಒಬ್ಬನ ಪರೀಕ್ಷೆ ಮಾತ್ರ ಬಾಕಿ.

ಬ್ಲೇರ್‌ನನ್ನು ನೋಡಿಬರಲು ಮ್ಯಾಕ್‌ರೆಡಿ, ಗ್ಯಾರಿ, ನಾಲ್ಸ್ ಹೊರಡುತ್ತಾರೆ, ಚೈಲ್ಡ್ಸ್ ಮುಖ್ಯ ಕಟ್ಟಡದಲ್ಲಿ ಕಾವಲಿಗೆ ನಿಲ್ಲುತ್ತಾನೆ. ಶೆಡ್ ಖಾಲಿ. ನೆಲದಡಿಯಲ್ಲಿ ಸುರಂಗ, ಅಲ್ಲಿ ಹೆಲಿಕಾಪ್ಟರಿನ ಬಿಡಿಭಾಗಗಳಿಂದ ಅರ್ಧ ಕಟ್ಟಿದ ಸಣ್ಣ ವಿಮಾನ. ಅಷ್ಟರಲ್ಲಿ ಚೈಲ್ಡ್ಸ್ ಕಟ್ಟಡ ಬಿಟ್ಟು ಹಿಮಗಾಳಿಗೆ ಹೋದದ್ದು ಇವರ ಕಣ್ಣಿಗೆ ಬೀಳುತ್ತದೆ. ಸ್ವಲ್ಪ ಹೊತ್ತಿಗೇ ನೆಲೆಯ ವಿದ್ಯುತ್ ಹೋಗುತ್ತದೆ. ಮ್ಯಾಕ್‌ರೆಡಿಗೆ ಆಗ ಹೊಳೆಯುವುದು ಇಡೀ ಕೊನೆಯ ಭಾಗದ ಕೀಲಿಕೈ: ಜೀವಿಗೆ ಇನ್ನು ತಪ್ಪಿಸಿಕೊಂಡು ಹೋಗಲು ದಾರಿಯಿಲ್ಲ. ಹಾಗಾಗಿ ಅದಕ್ಕೆ ಬೇಕಿರುವುದು ಚಳಿ. ಹೆಪ್ಪುಗಟ್ಟಿ ಮಲಗಿದ್ದರೆ ಸಾಕು, ಮುಂದೆ ಹುಡುಕಿಕೊಂಡು ಬರುವ ತಂಡ ತಾನಾಗಿಯೇ ಅದನ್ನು ಹೊರಜಗತ್ತಿಗೆ ಒಯ್ಯುತ್ತದೆ. ಹಿಂದೆ ಬ್ಲೇರ್‌ನ ಕಂಪ್ಯೂಟರ್ ಒಂದು ಲೆಕ್ಕ ತೋರಿಸಿತ್ತು. ಜನವಸತಿ ತಲುಪಿದ ಕ್ಷಣದಿಂದ 27,000 ಗಂಟೆಗಳಲ್ಲಿ ಭೂಮಿಯ ಎಲ್ಲರೂ ಸೋಂಕಿಗೆ ಸಿಗುತ್ತಾರೆ. ಅದು 1,125 ದಿನ, ಮೂರು ವರ್ಷಕ್ಕಿಂತ ಸ್ವಲ್ಪ ಹೆಚ್ಚು. ಆದ್ದರಿಂದಲೇ ಇವರು ತಾವು ಬದುಕುವ ಆಸೆ ಬಿಟ್ಟು ನೆಲೆಯನ್ನೇ ಸ್ಫೋಟಿಸಲು ಹೊರಡುವುದು.

ಜನರೇಟರ್ ಕೋಣೆಯಲ್ಲಿ ಗ್ಯಾರಿ ಬ್ಲೇರ್‌ನ ಕೈಗೆ ಸಿಕ್ಕಿ ಸಾಯುತ್ತಾನೆ. ನಾಲ್ಸ್ ಏನೋ ಸದ್ದು ಕೇಳಿ ಆಚೆ ನಡೆದವನು ಮತ್ತೆ ಕಾಣುವುದೇ ಇಲ್ಲ. ಬ್ಲೇರ್ ರೂಪದ ಜೀವಿ ನೆಲ ಸೀಳಿ ಮೇಲೆ ಬರುತ್ತದೆ, ಮ್ಯಾಕ್‌ರೆಡಿ ಡೈನಮೈಟ್ ಎಸೆಯುತ್ತಾನೆ, ಎಲ್ಲ ಹೊತ್ತಿಕೊಳ್ಳುತ್ತದೆ. ಆಮೇಲೆ ನೀವು ಕೇಳಿದ ದೃಶ್ಯ. ಕಟ್ಟಡ ಉರಿಯುತ್ತಿದೆ, ಮ್ಯಾಕ್‌ರೆಡಿ ವಿಸ್ಕಿ ಬಾಟಲಿ ಹಿಡಿದು ಕೂತಿದ್ದಾನೆ, ಚೈಲ್ಡ್ಸ್ ಬರುತ್ತಾನೆ. ಬ್ಲೇರ್ ಕಂಡಂತಾಯಿತು, ಬೆನ್ನಟ್ಟಿ ಹೋದೆ, ಗಾಳಿಯಲ್ಲಿ ದಾರಿ ತಪ್ಪಿತು ಎನ್ನುತ್ತಾನೆ.

ಅನುಮಾನಕ್ಕೆ ಜಾಗ ಇರುವುದು ಇಷ್ಟೇ ಅವಧಿಯಲ್ಲಿ: ಚೈಲ್ಡ್ಸ್ ಒಬ್ಬನೇ ಉಳಿದದ್ದರಿಂದ ಹಿಡಿದು ಮತ್ತೆ ಕಾಣಿಸಿಕೊಳ್ಳುವವರೆಗೆ. ಆ ಹೊತ್ತಲ್ಲಿ ಅವನಿಗೇನಾಯಿತು ಎಂದು ಕ್ಯಾಮೆರಾ ತೋರಿಸುವುದಿಲ್ಲ. ಸ್ಫೋಟದ ನಂತರ ಮ್ಯಾಕ್‌ರೆಡಿಯ ಮೇಲಿನಿಂದಲೂ ಕ್ಯಾಮೆರಾ ಕೊಂಚ ಹೊತ್ತು ಸರಿಯುತ್ತದೆ, ಆದರೆ ಆ ತೆರಪು ತೀರಾ ಚಿಕ್ಕದು.

ಈಗ ಹಬೆಯ ಮಾತು. ಮ್ಯಾಕ್‌ರೆಡಿಯ ಉಸಿರು ದಟ್ಟವಾಗಿ ಕಾಣುತ್ತದೆ, ಚೈಲ್ಡ್ಸ್‌ದು ಅಷ್ಟು ಕಾಣುವುದಿಲ್ಲ, ಇದು ನಿಜ. ಆದರೆ ಹಬೆ ಕಾಣಬೇಕಾದರೆ ಅದರ ಹಿಂದಿನಿಂದ ಬೆಳಕು ಬೀಳಬೇಕು. ಮುಂದಿನಿಂದ ಬೆಂಕಿಯ ಬೆಳಕು ಬಿದ್ದ ಮುಖದ ಎದುರು ಹಬೆ ಕರಗಿಹೋಗುತ್ತದೆ. ಚಳಿಗಾಲದ ಬೆಳಿಗ್ಗೆ ಬೀದಿದೀಪದ ಎದುರು ನಿಂತವರ ಉಸಿರನ್ನು ಎರಡೂ ಕಡೆಯಿಂದ ನೋಡಿದರೆ ಈ ವ್ಯತ್ಯಾಸ ತಿಳಿಯುತ್ತದೆ. ಒಳ್ಳೆಯ ಪ್ರತಿಯಲ್ಲಿ ಚೈಲ್ಡ್ಸ್ ಬಾಯಿಂದಲೂ ತೆಳುವಾದ ಹಬೆ ಕೆಲವು ಶಾಟ್‌ಗಳಲ್ಲಿ ಸಿಗುತ್ತದೆ. ಇದಕ್ಕಿಂತ ದೊಡ್ಡ ಸಾಕ್ಷಿ ನೆಲೆಯವರಲ್ಲೇ ಒಬ್ಬನಾದ ಬೆನ್ನಿಂಗ್ಸ್. ಜೀವಿ ಅವನ ರೂಪ ಪೂರ್ತಿ ತಾಳುವ ಮೊದಲೇ ಸಿಕ್ಕಿಬಿದ್ದು, ವಿಕಾರವಾದ ಕೈಗಳನ್ನು ಚಾಚಿ ಹಿಮದಲ್ಲಿ ಮಂಡಿಯೂರಿ ಊಳಿಡುತ್ತಾನಲ್ಲ, ಆಗ ಅವನ ಬಾಯಿಂದ ಹಬೆ ಹೊರಡುವುದನ್ನು ನೋಡಿ. ಜೀವಿಯೂ ಉಸಿರಾಡುತ್ತದೆ, ಅದರ ಉಸಿರೂ ಬೆಚ್ಚಗಿರುತ್ತದೆ. ವಾದ ಅಲ್ಲಿಗೆ ಮುಗಿಯಿತು.

ಕಣ್ಣಿನ ಹೊಳಪಿನ ವಾದಕ್ಕೆ ಸ್ವಲ್ಪ ತೂಕವಿದೆ, ಏಕೆಂದರೆ ಅದು ಛಾಯಾಗ್ರಾಹಕ ಡೀನ್ ಕಂಡಿ ಅವರ ಮಾತಿನಿಂದ ಹುಟ್ಟಿದ್ದು. ಮನುಷ್ಯರ ಕಣ್ಣಲ್ಲಿ ಒಂದು ಮಿನುಗು ಇರುವಂತೆ ಬೆಳಕು ಮಾಡುವ ಬಗ್ಗೆ ಅವರು ಮಾತನಾಡಿದ್ದಾರೆ, ರಕ್ತ ಪರೀಕ್ಷೆಯ ದೃಶ್ಯದಲ್ಲಿ ಪಾಮರ್‌ನ ಕಣ್ಣು ಮಂಕಾಗಿರುವುದನ್ನು ಜನ ಉದಾಹರಣೆಗೆ ತೋರಿಸುತ್ತಾರೆ. ಆದರೆ ಇಡೀ ಚಿತ್ರಕ್ಕೆ ಇದನ್ನು ಅಳತೆಗೋಲು ಮಾಡಿಕೊಂಡು ಹೊರಟರೆ, ತಲೆ ತಿರುಗಿಸಿದಾಗೆಲ್ಲ ಒಬ್ಬನೇ ವ್ಯಕ್ತಿ ಮನುಷ್ಯನಾಗಿ, ಮತ್ತೆ ಜೀವಿಯಾಗಿ ಬದಲಾಗುತ್ತಾನೆ.

ಬಾಟಲಿಯಲ್ಲಿ ಪೆಟ್ರೋಲ್ ಇತ್ತು, ಕುಡಿದು ರುಚಿಯ ವ್ಯತ್ಯಾಸ ಗೊತ್ತಾಗದ್ದರಿಂದ ಚೈಲ್ಡ್ಸ್ ಸಿಕ್ಕಿಬಿದ್ದ, ಅದಕ್ಕೇ ಮ್ಯಾಕ್‌ರೆಡಿ ನಕ್ಕ ಎಂಬ ಮಾತೂ ಇದೆ. ಆ ಬಾಟಲಿಗೆ ಪೆಟ್ರೋಲ್ ತುಂಬಿದ್ದನ್ನು ಚಿತ್ರ ಎಲ್ಲೂ ತೋರಿಸುವುದಿಲ್ಲ. ಅದೂ ಅಲ್ಲದೆ ಮಾತು, ನಡವಳಿಕೆ ಸಮೇತ ನಕಲು ಮಾಡಿ ಸ್ನೇಹಿತರ ನಡುವೆಯೇ ದಿನಗಟ್ಟಲೆ ಓಡಾಡುವ ಜೀವಿಗೆ ಪೆಟ್ರೋಲಿನ ನಾತ ಗೊತ್ತಾಗದೇ? ಚೈಲ್ಡ್ಸ್ ಕಿವಿಯಲ್ಲಿ ಲೋಲಕು ಇದೆ, ಹಾಗಾಗಿ ಮನುಷ್ಯನೇ ಎಂಬ ವಾದ 2011ರ ಪೂರ್ವಕಥೆಯ ಚಿತ್ರದಿಂದ ಬಂದದ್ದು. ಲೋಹವನ್ನು ಜೀವಿ ನಕಲು ಮಾಡಲಾರದು ಎಂಬ ನಿಯಮ ಆ ಚಿತ್ರದ್ದು. 29 ವರ್ಷ ಮೊದಲಿನ ಚಿತ್ರಕ್ಕೆ ಅದನ್ನು ಅನ್ವಯಿಸುವುದು ಸರಿಯಲ್ಲ. ಕೊನೆಯಲ್ಲಿ ಚೈಲ್ಡ್ಸ್ ಕೋಟಿನ ಬಣ್ಣ ಬದಲಾಗಿದೆ ಎನ್ನುವವರ ಕೈಯಲ್ಲಿ ಮಾತ್ರ ಚಿತ್ರದ್ದೇ ಒಂದು ಎಳೆ ಇದೆ. ಜೀವಿ ಮೈಮೇಲೆ ಬಂದಾಗ ಬಟ್ಟೆ ಹರಿಯುತ್ತದೆ ಎಂದು ಮ್ಯಾಕ್‌ರೆಡಿ ಟೇಪ್ ರೆಕಾರ್ಡರಿಗೆ ಹೇಳಿಟ್ಟಿದ್ದಾನೆ. ಆದರೆ ಉರಿಯುವ ಕಟ್ಟಡದ ಕಿತ್ತಳೆ ಬೆಳಕಿನಲ್ಲಿ ಯಾವ ಕೋಟು ಯಾವ ಬಣ್ಣ ಎಂದು ಪ್ರಮಾಣ ಮಾಡಿ ಹೇಳಲು ಆಗುವುದಿಲ್ಲ.

ಎಲ್ಲರೂ ಬಾಟಲಿಯ ಒಳಗೆ ಏನಿತ್ತು ಎಂದು ಹುಡುಕುತ್ತಾರೆ, ನೋಡಬೇಕಾದ್ದು ಬಾಟಲಿ ಕೈಯಿಂದ ಕೈಗೆ ಹೋಗುವ ರೀತಿ. ಜೀವಿಯ ಒಂದು ಕಣ ಸಾಕು ಇಡೀ ದೇಹವನ್ನು ವಶಮಾಡಿಕೊಳ್ಳಲು. ಆದ್ದರಿಂದ ಇನ್ನು ಮೇಲೆ ಪ್ರತಿಯೊಬ್ಬನೂ ತನ್ನ ಅಡುಗೆ ತಾನೇ ಮಾಡಿಕೊಳ್ಳಬೇಕು, ಡಬ್ಬಿಯ ಆಹಾರ ಮಾತ್ರ ತಿನ್ನಬೇಕು ಎಂದು ನೆಲೆಯ ಇನ್ನೊಬ್ಬ ಸದಸ್ಯ ಫ್ಯೂಕ್ಸ್ ಹಿಂದೆಯೇ ಮ್ಯಾಕ್‌ರೆಡಿಗೆ ಹೇಳಿದ್ದ. ಅದನ್ನು ಕಿವಿಯಾರೆ ಕೇಳಿದ ಮನುಷ್ಯ ಈಗ ತಾನು ಬಾಯಿಟ್ಟ ಬಾಟಲಿಯನ್ನು ಎದುರಿನವನಿಗೆ ಕೊಡುತ್ತಾನೆ. ಎದುರಿನವನು ತೆಗೆದುಕೊಂಡು ಕುಡಿಯುತ್ತಾನೆ. ಮ್ಯಾಕ್‌ರೆಡಿ ಮೆಲ್ಲಗೆ ನಗುತ್ತಾನೆ. ಇದು ಕೊನೆಯ ಪರೀಕ್ಷೆ ಇರಬಹುದು: ಮನುಷ್ಯನಾದ ಚೈಲ್ಡ್ಸ್ ಹಿಂಜರಿಯಬೇಕಿತ್ತು. ಇನ್ನು ಪರೀಕ್ಷೆಯಿಂದ ಏನೂ ಆಗಬೇಕಾಗಿಲ್ಲ ಎಂದು ಇಬ್ಬರೂ ಒಪ್ಪಿಕೊಂಡದ್ದೂ ಇರಬಹುದು. ಕಾಯಿಸಲು ತಂತಿಯಿಲ್ಲ, ತಟ್ಟೆಯಿಲ್ಲ, ಫಲಿತಾಂಶ ಏನೇ ಬಂದರೂ ಎದ್ದು ಹೋರಾಡಲು ಮೈಯಲ್ಲಿ ಕಸುವಿಲ್ಲ.

ನಮ್ಮ ಅಭಿಪ್ರಾಯ ಕೇಳಿದರೆ, ಚೈಲ್ಡ್ಸ್ ಮನುಷ್ಯ ಎನ್ನುವ ಕಡೆಗೇ ತಕ್ಕಡಿ ವಾಲುತ್ತದೆ. ಜೀವಿಗೆ ಬೇಕಿದ್ದುದು ಹೆಪ್ಪುಗಟ್ಟುವುದು ತಾನೇ? ಹಿಮಗಾಳಿಯಲ್ಲಿ ನಾಲ್ಕು ಹೆಜ್ಜೆ ಆಚೆ ಹೋಗಿ ಬಿದ್ದುಕೊಂಡಿದ್ದರೆ ಅದರ ಕೆಲಸ ಮುಗಿಯುತ್ತಿತ್ತು. ತನ್ನನ್ನು ಕೊಲ್ಲಬಲ್ಲ ಒಂದೇ ವಸ್ತುವಾದ ಬೆಂಕಿಯ ಹತ್ತಿರಕ್ಕೆ, ತನ್ನವರನ್ನು ಸುಟ್ಟವನ ಎದುರಿಗೆ ಅದು ಯಾಕೆ ನಡೆದು ಬರಬೇಕು? ಬೆಂಕಿ ಕಂಡು ಅದರತ್ತ ಬರುವುದು ದಾರಿ ತಪ್ಪಿ ಚಳಿಯಲ್ಲಿ ನಡುಗುತ್ತಿರುವ ಮನುಷ್ಯ. ಮ್ಯಾಕ್‌ರೆಡಿ ಸತ್ತನೇ ಎಂದು ಖಚಿತಪಡಿಸಿಕೊಳ್ಳಲು ಬಂತು ಎಂದು ಎದುರುವಾದ ಹೂಡಬಹುದು, ಅದನ್ನು ತಳ್ಳಿಹಾಕಲು ಬರುವುದಿಲ್ಲ.

ಹಾಗೆ ನೋಡಿದರೆ ಚೈಲ್ಡ್ಸ್‌ಗಿಂತ ಹೆಚ್ಚು ಚಿಂತೆ ಮಾಡಬೇಕಾದ್ದು ನಾಲ್ಸ್ ಬಗ್ಗೆ. ಅವನ ಸಾವನ್ನು ಚಿತ್ರ ತೋರಿಸಿಲ್ಲ, ದೇಹವೂ ಸಿಕ್ಕಿಲ್ಲ. ಡೈನಮೈಟ್ ಸುಡುವುದಕ್ಕಿಂತ ಹೆಚ್ಚಾಗಿ ಚೂರು ಮಾಡಿ ಎಸೆಯುತ್ತದೆ. ಒಂದು ಹನಿ ರಕ್ತವೂ ಪ್ರಾಣಿಯೇ ಎಂದು ಚಿತ್ರವೇ ತೋರಿಸಿದೆಯಲ್ಲ, ಹಾಗಿದ್ದರೆ ಬೆಂಕಿ ತಾಗದೆ ಹಿಮದಲ್ಲಿ ಬಿದ್ದ ಒಂದು ಚೂರು ಸಾಕು. ಕೂತ ಇಬ್ಬರೂ ಅಪ್ಪಟ ಮನುಷ್ಯರಾಗಿದ್ದರೂ ಗೆದ್ದದ್ದು ಅವರೇ ಎನ್ನಲು ಆಗುವುದಿಲ್ಲ.

ನಿರ್ಮಾಣದ ಹಂತದಲ್ಲಿ ಇದನ್ನು ಖಚಿತವಾಗಿ ಮುಗಿಸುವ ದಾರಿಯೂ ಇತ್ತು. ಸಂಕಲನಕಾರ ಟಾಡ್ ರಾಮ್ಸೆ ಸಲಹೆಯ ಮೇರೆಗೆ, ಮ್ಯಾಕ್‌ರೆಡಿ ರಕ್ಷಣೆಗೊಂಡು ರಕ್ತ ಪರೀಕ್ಷೆಯಲ್ಲಿ ಮನುಷ್ಯನೆಂದು ಸಾಬೀತಾಗುವ ಅಂತ್ಯವನ್ನು ಕಾರ್ಪೆಂಟರ್ ಚಿತ್ರೀಕರಿಸಿ ಇಟ್ಟುಕೊಂಡಿದ್ದರು, ಬಳಸಲಿಲ್ಲ. ಅಮೆರಿಕದ ಟಿವಿಗೆಂದು ಬೇರೆಯವರು ಕತ್ತರಿಸಿದ ಆವೃತ್ತಿ ನಾಯಿಯ ರೂಪದಲ್ಲಿ ಜೀವಿ ಓಡಿಹೋಗುವುದರೊಂದಿಗೆ ಮುಗಿಯುತ್ತದೆ. ಅದನ್ನು ಲೆಕ್ಕಕ್ಕೆ ಹಿಡಿಯಬೇಡಿ. 2002ರ ವಿಡಿಯೋ ಗೇಮ್‌ನಲ್ಲಿ ಚೈಲ್ಡ್ಸ್ ಚಳಿಗೆ ಸತ್ತ ಸ್ಥಿತಿಯಲ್ಲಿ ಸಿಗುತ್ತಾನೆ, ಆದರೆ ಅದು ಗೇಮ್‌ನ ಕಥೆ. ಯಾರು ಜೀವಿ ಎಂಬುದು ತಮಗೆ ಗೊತ್ತು, ಹೇಳುವುದಿಲ್ಲ ಎಂದು ಕಾರ್ಪೆಂಟರ್ ಹೇಳಿದ್ದಾರೆ.

ಮೂರನೇ ಸಲ ನೋಡುವುದಾದರೆ ಈ ಕ್ರಮದಲ್ಲಿ ನೋಡಿ: ಬೆನ್ನಿಂಗ್ಸ್ ಊಳಿಡುವುದು, ಡಬ್ಬಿ ಆಹಾರದ ಬಗ್ಗೆ ಫ್ಯೂಕ್ಸ್ ಮಾತು, ರಕ್ತ ಪರೀಕ್ಷೆ, ಆಮೇಲೆ ಅಂತ್ಯ. ನಡುವೆ ಒಮ್ಮೆ ಆರಂಭಕ್ಕೆ ಹೋಗಿ, ಜೀವಿ ಮೊದಲು ಸಿಕ್ಕಿದ್ದ ನಾರ್ವೆಯವರ ಸುಟ್ಟ ನೆಲೆಯನ್ನೂ ನೋಡಿ. ಕೆನಡಾದ ಸ್ಟೂವರ್ಟ್ ಊರಿನ ಬಳಿ ಕಟ್ಟಿದ್ದ ಅಮೆರಿಕನ್ ನೆಲೆಯ ಸೆಟ್ ಅನ್ನು ಕೊನೆಯ ದೃಶ್ಯಕ್ಕಾಗಿ ಸ್ಫೋಟಿಸಿದ ಮೇಲೆ, ಅದೇ ಅವಶೇಷದಲ್ಲಿ ನಾರ್ವೆ ನೆಲೆಯ ದೃಶ್ಯಗಳನ್ನು ತೆಗೆದರು. ಮ್ಯಾಕ್‌ರೆಡಿ ಅರ್ಧ ಗಂಟೆಯೂ ಕಳೆಯುವ ಮೊದಲೇ ಟಾರ್ಚ್ ಹಿಡಿದು ಓಡಾಡುವುದು, ಕೊನೆಗೆ ತಾನೇ ಸುಡಲಿರುವ ಕಟ್ಟಡದ ಬೂದಿಯ ನಡುವೆ.