ಸ್ಲ್ಯಾಪ್‌ಸ್ಟಿಕ್: ಬೀಳೋದಕ್ಕೂ ಒಂದು ಕಾರಣ ಬೇಕು

ಜಾರಿ ಬೀಳುವುದು, ಒದೆ ತಿನ್ನುವುದು, ಎದ್ದೆನೋ ಬಿದ್ದೆನೋ ಅಂತ ಓಡುವುದು. ಹೀಗೆ ಮಾತಿನ ಹಂಗಿಲ್ಲದೆ ಮೈಯಿಂದಲೇ ನಗಿಸುವ ಹಾಸ್ಯಕ್ಕೆ ಸ್ಲ್ಯಾಪ್‌ಸ್ಟಿಕ್ ಅನ್ನುತ್ತಾರೆ. ಮೂಕಿ ಚಿತ್ರಗಳ ಕಾಲದಲ್ಲಿ ಇದಕ್ಕೆ ಸುಗ್ಗಿ. 1912ರಲ್ಲಿ ಮ್ಯಾಕ್ ಸೆನೆಟ್ ಶುರು ಮಾಡಿದ ಕೀಸ್ಟೋನ್ ಕಂಪನಿ ಲಾಸ್ ಏಂಜಲೀಸ್‌ನಲ್ಲಿ ಇಂಥ ಕಿರುಚಿತ್ರಗಳನ್ನು ಒಂದರ ಹಿಂದೊಂದು ತೆಗೆಯಿತು. ಒಂದು ರೀಲು, ಹೆಚ್ಚೆಂದರೆ ಎರಡು. ಒಂದು ರೀಲು ಅಂದರೆ ಸುಮಾರು 1,000 ಅಡಿ, ಹತ್ತು ಹದಿನೈದು ನಿಮಿಷದ ಆಟ.

ಅಷ್ಟು ಹೊತ್ತಿನಲ್ಲಿ ಪ್ರೇಮಕಥೆ ಹೇಳೋಕೆ ಹೊರಟರೆ, ಹುಡುಗ ಹುಡುಗಿ ನಿಧಾನಕ್ಕೆ ಮನಸ್ಸು ಬಿಚ್ಚಿ ಕೂರೋಕೆ ಪುರುಸೊತ್ತೆಲ್ಲಿ? ಒಬ್ಬಳು ಹುಡುಗಿ, ಇಬ್ಬರು ಹುಡುಗರು, ಸಿಡುಕ ಅಪ್ಪ ಇದ್ದರೆ ಸಾಕು, ಅಟ್ಟಾಡಿಸೋದಕ್ಕೆ ನೆಪ ಸಿಕ್ಕಿತು. ಸುಮ್ನೆ ಬಿದ್ದರೆ ಒಂದು ಸಲ ನಗು ಬಂದೀತು. ಹೆಂಡತಿ ಮುಂದೆ ಬಿದ್ದರೆ ಆ ಮಜಾನೇ ಬೇರೆ, ಅಲ್ವಾ?

ಮೂಕಿ ಚಿತ್ರಗಳ ಹಾಸ್ಯನಟ ಬಸ್ಟರ್ ಕೀಟನ್‌ನ ‘ಒನ್ ವೀಕ್’ (1920) ನೋಡಿ. ಎರಡೇ ರೀಲು. ಹೊಸದಾಗಿ ಮದುವೆಯಾದ ಜೋಡಿಗೆ ಉಡುಗೊರೆಯಾಗಿ ಮನೆ ಸಿಗುತ್ತದೆ, ಆದರೆ ಬಿಡಿಭಾಗಗಳಾಗಿ, ಪೆಟ್ಟಿಗೆಗಳಲ್ಲಿ. ಹುಡುಗಿಯಿಂದ ಬೇಡ ಅನ್ನಿಸಿಕೊಂಡಿದ್ದ ಇನ್ನೊಬ್ಬ ಬಂದು ಪೆಟ್ಟಿಗೆಗಳ ನಂಬರ್ ತಿದ್ದಿಬಿಡುತ್ತಾನೆ. ಎದ್ದು ನಿಂತ ಮನೆ ಸೊಟ್ಟಂಪಟ್ಟ. ಮಹಡಿಯ ಬಾಗಿಲು ತೆರೆದರೆ ಆಚೆ ಏನೂ ಇಲ್ಲ. ಕೀಟನ್ ಕಾಲಿಟ್ಟವನೇ ದೊಪ್ಪನೆ ಕೆಳಗೆ. ಕ್ಯಾಮೆರಾ ದೂರದಲ್ಲೇ ನಿಂತು ಇಡೀ ಮೈಯನ್ನು ತೋರಿಸುತ್ತದೆ. ಮುಖವನ್ನಷ್ಟೇ ಹತ್ತಿರದಿಂದ ತೋರಿಸಿದ್ದರೆ ಈ ನಗು ಹುಟ್ಟುತ್ತಿರಲಿಲ್ಲ. ಆ ಮುಖವೂ ಕಲ್ಲಿನಂಥದ್ದು ಅನ್ನಿ. ಚಿಕ್ಕಂದಿನಲ್ಲಿ ಅಪ್ಪ ಅಮ್ಮನ ಜೊತೆ ರಂಗದ ಮೇಲೆ ಎಸೆಸಿಕೊಂಡು ಬೆಳೆದ ಹುಡುಗ ಅವನು. ತಾನು ನಗದಿದ್ದರೇ ಜನ ಜಾಸ್ತಿ ನಗುತ್ತಾರೆ ಅನ್ನೋದನ್ನು ಅಲ್ಲೇ ಕಲಿತದ್ದು.

ಹೆಂಡತಿಯಾಗಿ ನಟಿಸಿದ ಸಿಬಿಲ್ ಸೀಲಿಯೂ ಬರೀ ನೋಡುತ್ತಾ ನಿಲ್ಲುವ ಗೊಂಬೆಯಲ್ಲ. ಗೋಡೆ ಮೇಲೆ ಹೃದಯದ ಚಿತ್ರ ಬಿಡಿಸುತ್ತಾಳೆ. ತೊಟ್ಟಿಯಲ್ಲಿ ಸ್ನಾನ ಮಾಡುವಾಗ ಸೋಪು ಆಚೆ ಬೀಳುತ್ತದೆ; ಅವಳು ಎದ್ದು ಎತ್ತಿಕೊಳ್ಳಬೇಕು ಅನ್ನುವಷ್ಟರಲ್ಲಿ ಯಾರದೋ ಕೈ ಬಂದು ಕ್ಯಾಮೆರಾಕ್ಕೇ ಅಡ್ಡ! 100 ವರ್ಷ ದಾಟಿದ ತುಂಟತನ.

ಕೊನೆಗೆ ಮನೆ ರೈಲು ಹಳಿ ಮೇಲೆ ಸಿಕ್ಕಿಹಾಕಿಕೊಳ್ಳುತ್ತದೆ. ರೈಲು ಪಕ್ಕದ ಹಳಿಯಲ್ಲಿ ಹೋಗುತ್ತದೆ. ಇಬ್ಬರೂ ಉಸ್ಸಪ್ಪಾ ಅನ್ನುವಾಗ ಎದುರುಗಡೆಯಿಂದ ಬಂದ ಇನ್ನೊಂದು ರೈಲು ಮನೆಯನ್ನು ನುಚ್ಚುನೂರು ಮಾಡುತ್ತದೆ. ಕೀಟನ್ ಆ ರಾಶಿಗೆ ‘ಮಾರಾಟಕ್ಕಿದೆ’ ಅಂತ ಬೋರ್ಡ್ ತಗುಲಿಸುತ್ತಾನೆ. ಜೊತೆಗೆ ಮನೆ ಜೋಡಿಸುವ ಸೂಚನೆಯ ಹಾಳೆಯನ್ನೂ ಸಿಕ್ಕಿಸಿ ಹೆಂಡತಿ ಕೈ ಹಿಡಿದು ಹೊರಡುತ್ತಾನೆ.