ಊಟದ ಮೇಜಿನ ಎದುರು ಎತ್ತಿದ ಬೆರಳು

ಅಮೆರಿಕದ ನಿರ್ದೇಶಕ ಡಿ. ಡಬ್ಲ್ಯು. ಗ್ರಿಫಿತ್ ಅವರ ‘ವೇ ಡೌನ್ ಈಸ್ಟ್’ (1920) ಮೂಕಿ ಚಿತ್ರ ಅಂದ ಕೂಡಲೇ ಎಲ್ಲರಿಗೂ ನೆನಪಾಗುವುದು ಮಂಜುಗಡ್ಡೆ ತೇಲುವ ಹೊಳೆ. ವರ್ಮಾಂಟ್‌ನ ಕೊರೆಯುವ ಚಳಿಯಲ್ಲಿ ನಾಯಕಿ ಲಿಲಿಯನ್ ಗಿಶ್ ಆ ಗಡ್ಡೆಯ ಮೇಲೆ ಮಲಗಿದರು. ಕೈ, ಕೂದಲು ನೀರಿಗೆ ಇಳಿಬಿಡೋಣ ಅಂದವರೂ ಅವರೇ. ಎಷ್ಟೋ ವರ್ಷದ ಮೇಲೂ ಚಳಿಗೆ ಆ ಕೈ ನೋಯುತ್ತಿತ್ತಂತೆ. ನನ್ನನ್ನು ಮಾತ್ರ ಅದಕ್ಕೂ ಮುಂಚಿನ ಒಂದು ಗಳಿಗೆ ಜಾಸ್ತಿ ಕಾಡುತ್ತದೆ.

ಗಿಶ್ ನಟಿಸಿದ ಪಾತ್ರ ಅನ್ನಾ ಮೂರ್, ಅಮೆರಿಕದ ಈಶಾನ್ಯದ ನ್ಯೂ ಇಂಗ್ಲೆಂಡ್ ಸೀಮೆಯ ಬಡ ಹಳ್ಳಿ ಹುಡುಗಿ. ಸಹಾಯ ಕೇಳಲು ಬಾಸ್ಟನ್ನಿನ ನೆಂಟರ ಮನೆಗೆ ಹೋಗುತ್ತಾಳೆ. ಅಲ್ಲಿ ಸ್ಯಾಂಡರ್ಸನ್ ಎಂಬ ಹಣವಂತ ಸುಳ್ಳು ಮದುವೆ ಮಾಡಿಕೊಂಡು, ಬಸುರಿಯಾದಾಗ ಕೈಬಿಡುತ್ತಾನೆ. ಹುಟ್ಟಿದ ಮಗು ಉಳಿಯುವ ಹಾಗಿಲ್ಲ. ಪಾದ್ರಿಯೂ ಇಲ್ಲ. ರಾತ್ರಿ ಒಬ್ಬಳೇ ಕೂತು, ತಾನೇ ನೀರು ಮುಟ್ಟಿಸಿ ದೀಕ್ಷಾಸ್ನಾನ ಮಾಡಿಸುತ್ತಾಳೆ.

ಇವಳು ಕೋರ್ಟಿಗೆ ಹೋಗಬಹುದಿತ್ತಲ್ವಾ? ಅಮೆರಿಕಕ್ಕೆ ಇಂಗ್ಲೆಂಡಿನಿಂದ ಬಂದ ಹಳೇ ಕಾನೂನಿನಲ್ಲಿ ಇಂಥ ದಾವೆ ಹೂಡುವ ಹಕ್ಕು ಅಪ್ಪನದು. ಮಗಳ ದುಡಿಮೆ ನಷ್ಟವಾಯಿತು, ಪರಿಹಾರ ಕೊಡಿಸಿ ಅಂತ ಅವನು ಕೇಳಬೇಕು. ಅವಳ ಸಂಕಟ ಲೆಕ್ಕಕ್ಕೇ ಇರಲಿಲ್ಲ. ಹುಡುಗಿಯೇ ದಾವೆ ಹೂಡಲು ಕೆಲವು ರಾಜ್ಯಗಳಷ್ಟೇ ಆಮೇಲೆ ಅವಕಾಶ ಕೊಟ್ಟವು. 1880ರ ದಶಕದಲ್ಲಿ ಬಹಳಷ್ಟು ರಾಜ್ಯಗಳಲ್ಲಿ ಸಮ್ಮತಿಯ ವಯಸ್ಸು, ಅಂದರೆ ಲೈಂಗಿಕ ಸಂಬಂಧಕ್ಕೆ ಹುಡುಗಿ ಒಪ್ಪಬಹುದು ಅಂತ ಕಾನೂನು ಹೇಳುವ ವಯಸ್ಸು, 10 ಅಥವಾ 12. ಡೆಲವೇರ್‌ನಲ್ಲಿ 7! ಹೆಂಗಸರ ಸಂಘಗಳು ಸಹಿ ಸಂಗ್ರಹಿಸಿ ಹೋರಾಡಿದ ಮೇಲೆ, 1920ರ ಹೊತ್ತಿಗೆ ಅದು ಹೆಚ್ಚಿನ ಕಡೆ 16 ಅಥವಾ 18 ಆಯಿತು.

ಲಾಟಿ ಬ್ಲೇರ್ ಪಾರ್ಕರ್ ಅವರ ಮೂಲ ನಾಟಕ ಆ ಹೋರಾಟದ ಕಾಲದ್ದೇ. 1898ರಲ್ಲಿ ನ್ಯೂಯಾರ್ಕ್‌ಗೆ ಬಂತು. ಅದರ ಹಕ್ಕಿಗೆ ಗ್ರಿಫಿತ್ ಸುಮಾರು 1,75,000 ಡಾಲರ್ ಕೊಟ್ಟಾಗ, ಇವರಿಗೆ ತಲೆ ಕೆಟ್ಟಿದೆ ಅಂತ ಗಿಶ್ ಅವರಿಗೂ ಅನಿಸಿತ್ತು. ಅಷ್ಟು ಹಳೇ ಕಾಲದ ಕಥೆ! ಆದರೆ ಅಮೆರಿಕದಲ್ಲಿ ಹೆಂಗಸರ ಮತದಾನದ ಹಕ್ಕು 1920ರ ಆಗಸ್ಟ್ 26ರಂದು ಜಾರಿಗೆ ಬಂತು. ಚಿತ್ರ ತೆರೆಕಂಡಿದ್ದು ಎಂಟೇ ದಿನದ ಮೇಲೆ, ಸೆಪ್ಟೆಂಬರ್ 3ಕ್ಕೆ.

ಈಗ ಆ ಗಳಿಗೆ. ಅನ್ನಾ ಕೆಲಸಕ್ಕಿದ್ದ ಮನೆಯ ಯಜಮಾನನಿಗೆ ಅವಳ ಹಿಂದಿನ ಕಥೆ ತಿಳಿಯುತ್ತದೆ. ಹೊರಗೆ ಹಿಮದ ಬಿರುಗಾಳಿ. ಅವನು ಬಾಗಿಲು ತೋರಿಸುತ್ತಾನೆ. ಅವಳು ಸುಮ್ನೆ ಹೋಗುವುದಿಲ್ಲ. ಅದೇ ಮನೆಗೆ ಊಟಕ್ಕೆ ಬಂದಿದ್ದ ಸ್ಯಾಂಡರ್ಸನ್ ಕಡೆ ಬೆರಳು ಮಾಡುತ್ತಾಳೆ. ನನ್ನ ವಿಷಯ ಇಷ್ಟೆಲ್ಲ ವಿಚಾರಿಸಿದಿರಿ, ಇವನದನ್ನು ಯಾಕೆ ವಿಚಾರಿಸಲಿಲ್ಲ ಎಂದು ಕೇಳುತ್ತಾಳೆ. ದನಿಯಿಲ್ಲದ ಸಿನಿಮಾದಲ್ಲಿ ಆ ಬೆರಳೇ ಅವಳ ದನಿ. ಅವಳಿಗೆ ಸಿಕ್ಕ ಕೋರ್ಟು ಅದೊಂದೇ, ಆ ಊಟದ ಮೇಜು.

ಪೆನ್ಸಿಲ್ವೇನಿಯಾದ ಸೆನ್ಸಾರ್ ಮಂಡಳಿ ಈ ಚಿತ್ರಕ್ಕೆ ಹತ್ತಾರು ಕಡೆ ಕತ್ತರಿ ಹಾಕಿತು. ತೆಗೆದು ಹಾಕಿದ್ದರಲ್ಲಿ ಆ ಸುಳ್ಳು ಮದುವೆಯೂ ಇತ್ತು.